ಕೊಂದವನ ಕಥೆ, ಸತ್ತವರ ಕಥೆ

ನಿಜವಾಗಿ ನಡೆದ ಕೊಲೆಯ ಮೇಲೆ ಸಿನಿಮಾ ಬಂದಾಗಲೆಲ್ಲ ಅದೇ ತಕರಾರು: ರೌಡಿಯನ್ನು ಹೀರೊ ಮಾಡಿದರು. ತಕರಾರಿನಲ್ಲಿ ಹುರುಳಿದೆ. ಆದರೆ ಅದಕ್ಕೂ ಮೊದಲು ಕೇಳಬೇಕಾದ್ದು, ಕಥೆ ಯಾರ ಬಾಯಿಂದ ಬಂತು ಎಂದು.

ಬೆಂಗಳೂರಿನ ಭೂಗತ ಲೋಕದ ಕೊತ್ವಾಲ ರಾಮಚಂದ್ರನ ಕೊಲೆಯಾದದ್ದು 1986ರಲ್ಲಿ. ಆ ಲೋಕದ ಒಳಗೇ ಇದ್ದ ಅಗ್ನಿ ಶ್ರೀಧರ್ ಮುಂದೆ ‘ದಾದಾಗಿರಿಯ ದಿನಗಳು’ ಬರೆದರು. 2007ರಲ್ಲಿ ಕೆ.ಎಂ. ಚೈತನ್ಯ ಅದನ್ನು ‘ಆ ದಿನಗಳು’ ಚಿತ್ರವಾಗಿಸಿದರು. ಒಳಗಿದ್ದವನೇ ಬರೆದದ್ದರಿಂದ ಅದಕ್ಕೆ ಸಾಚಾತನ ಬಂತು. ಬದುಕುಳಿದವನ ನೋಟವೇ ಇತಿಹಾಸವೂ ಆಯಿತು.

ದಂಡುಪಾಳ್ಯ ಗ್ಯಾಂಗಿನ ಕೊಲೆಗಳ ಮೇಲೆ ಬಂದ 2012ರ ‘ದಂಡುಪಾಳ್ಯ’ ಚಿತ್ರದಲ್ಲಿ ಪ್ರೇಕ್ಷಕರಿಗೆ ನೆನಪುಳಿದದ್ದು ಪೂಜಾ ಗಾಂಧಿಯ ಲಕ್ಷ್ಮಿ, ರವಿಶಂಕರ್ ಅವರ ಇನ್‌ಸ್ಪೆಕ್ಟರ್ ಚಲಪತಿ. ಕುಡಿಯಲು ನೀರು ಕೇಳಿದವರಿಗೆ ಬಾಗಿಲು ತೆರೆದು ಪ್ರಾಣ ಕಳೆದುಕೊಂಡ ಹೆಂಗಸರು ತೆರೆಗೆ ಬರುವುದೇ ಸಾಯುವುದಕ್ಕೆ. ಹೊಸಕೋಟೆ ತಾಲ್ಲೂಕಿನ ಒಂದು ಹಳ್ಳಿಯ ಹೆಸರಂತೂ ಗ್ಯಾಂಗಿನ ಹೆಸರಾಗಿಯೇ ಉಳಿಯಿತು.

ಕಾಡುಗಳ್ಳ ವೀರಪ್ಪನ್ ವಿಷಯದಲ್ಲಿ ಇದು ಇನ್ನೂ ಢಾಳಾಗಿ ಕಾಣುತ್ತದೆ. 2013ರ ‘ಅಟ್ಟಹಾಸ’, 2016ರ ‘ಕಿಲ್ಲಿಂಗ್ ವೀರಪ್ಪನ್’, 2023ರ ನೆಟ್‌ಫ್ಲಿಕ್ಸ್ ಸರಣಿ: ಒಂದರ ಹಿಂದೆ ಒಂದು. ‘ಅಟ್ಟಹಾಸ’ದ ವಿರುದ್ಧ ಅವನ ಹೆಂಡತಿ ಮುತ್ತುಲಕ್ಷ್ಮಿ ಕೋರ್ಟು ಹತ್ತಿದರು, ನೆಟ್‌ಫ್ಲಿಕ್ಸ್ ಸರಣಿಯಲ್ಲಿ ತಮ್ಮ ಮಾತನ್ನೂ ಹೇಳಿದರು. ಅದು ಅವರ ಹಕ್ಕು. ಅವನಿಂದ ಸತ್ತವರು ನೂರಕ್ಕೂ ಹೆಚ್ಚು. ಅವರ ಮನೆಗಳವರಿಗೆ ಅಷ್ಟೇ ಜಾಗ ಸಿಕ್ಕಿಲ್ಲ.

ಇಂಥ ಕಥೆಗಳನ್ನು ತಡೆಯುವುದು ಪರಿಹಾರವಲ್ಲ. ತಮಿಳುನಾಡಿನ ಕೊಲೆ ಅಪರಾಧಿ ಆಟೋ ಶಂಕರ್ ಜೈಲಿನಲ್ಲಿ ಬರೆದ ಆತ್ಮಕಥೆಯ ಪ್ರಕರಣದಲ್ಲಿ, ಸಾರ್ವಜನಿಕ ದಾಖಲೆಯಲ್ಲಿರುವುದನ್ನು ಒಪ್ಪಿಗೆಯಿಲ್ಲದೆಯೂ ಪ್ರಕಟಿಸಬಹುದು ಎಂದು ಸುಪ್ರೀಂ ಕೋರ್ಟ್ 1994ರಲ್ಲೇ ಹೇಳಿದೆ. ಲೈಂಗಿಕ ದೌರ್ಜನ್ಯಕ್ಕೆ ಒಳಗಾದ ಹೆಣ್ಣಿನ ಹೆಸರನ್ನು ಮಾತ್ರ ಹೊರಗಿಟ್ಟಿತು. ಅಲ್ಲಿಂದಾಚೆಗಿನದು ಕಾನೂನಿನ ಪ್ರಶ್ನೆಯಲ್ಲ, ಬರೆಯುವವರ ಆಯ್ಕೆಯ ಪ್ರಶ್ನೆ.

ಆ ಆಯ್ಕೆಗೆ ಸಾಮಗ್ರಿ ಕಡಿಮೆಯೇನಿಲ್ಲ. ಅರಣ್ಯಾಧಿಕಾರಿ ಪಿ. ಶ್ರೀನಿವಾಸ್ ವೀರಪ್ಪನ್ನನ ಹುಟ್ಟೂರಾದ ಗೋಪಿನಾಥಂನಲ್ಲೇ ಬಿಡಾರ ಹೂಡಿ, ಜನರಿಗೆ ಔಷಧಿ ಕೊಟ್ಟು, ಮಾರಿಯಮ್ಮನ ಗುಡಿ ಕಟ್ಟಿಸಿದರು. ಶರಣಾಗತಿಯ ಮಾತು ನಂಬಿ 1991ರ ನವೆಂಬರಿನಲ್ಲಿ ಬರಿಗೈಲಿ ಕಾಡಿಗೆ ನಡೆದರು; ಅಲ್ಲಿ ಅವರ ತಲೆ ಕಡಿದರು. ಮರಣಾನಂತರ ಕೀರ್ತಿ ಚಕ್ರ ಬಂತು. ಬಂದೂಕಿನ ಬದಲು ಊರಿನ ವಿಶ್ವಾಸವನ್ನೇ ನೆಚ್ಚಿದ ಅಧಿಕಾರಿಯ ಬದುಕಿನಲ್ಲಿ ನಾಟಕವೂ ಇದೆ, ದುರಂತವೂ ಇದೆ. ವೀರಪ್ಪನ್ ಮೇಲೆ ಮುಂದಿನ ಚಿತ್ರಕಥೆ ಬರೆಯುವವರು ಮೀಸೆಯಿಂದ ಶುರುಮಾಡದೆ, ಮೊದಲು ಗೋಪಿನಾಥಂಗೆ ಹೋಗಿ ಊರಿನ ಹಿರಿಯರನ್ನು ಮಾತಾಡಿಸಲಿ.