ಯಾರ ಮನೆಗೆ ಬಂದಿರಿ?

ಒಂದೇ ವಠಾರದಲ್ಲಿ ಹತ್ತು ಸಂಸಾರ. ಬೀದಿಯ ಬಾಗಿಲು ಮಾತ್ರ ಒಂದು. ಬಂದ ಅತಿಥಿ ಯಾರ ಮನೆಗೆಂದು ಹೇಳದಿದ್ದರೆ ಮೊದಲ ಮನೆಯವರೇ ಉಪಚರಿಸಬೇಕಾದೀತು. ವೆಬ್ ಸರ್ವರಿನ ಸ್ಥಿತಿಯೂ ಇದೇ. ಒಂದೇ ಅಂಕಿ-ವಿಳಾಸದಲ್ಲಿ ಹಲವು ತಾಣಗಳು ವಾಸಿಸುತ್ತವೆ. 1997ರಲ್ಲಿ ಪ್ರಕಟವಾದ ಎಚ್.ಟಿ.ಟಿ.ಪಿ. 1.1ರ ನಿಯಮದಂತೆ ಪ್ರತಿಯೊಂದು ಕೋರಿಕೆಯೂ ತನಗೆ ಬೇಕಾದ ತಾಣದ ಹೆಸರನ್ನು ಹೇಳಲೇಬೇಕು. ಆ ಹೆಸರು ಪಟ್ಟಿಯಲ್ಲಿ ಇಲ್ಲವಾದರೆ ಅಪಾಚೆ ಸರ್ವರ್ ಮೊದಲು ಬರೆದ ತಾಣವನ್ನೇ ತೋರಿಸುತ್ತದೆ. ಜವಳಿ ಅಂಗಡಿಯನ್ನು ಅರಸಿ ಬಂದವನಿಗೆ ಔಷಧದಂಗಡಿಯ ದರ್ಶನವಾಗುವುದು ಹೀಗೆ! ಆ ಗಿರಾಕಿ ಮರಳಿ ಬರುವನೆಂಬ ಭರವಸೆಯಿಲ್ಲ.

ಪರಿಹಾರಕ್ಕೊಂದು ಕ್ರಮವುಂಟು. ಹೆಸರಿನಿಂದ ಸರಿಯಾದ ವಿಳಾಸ ದೊರೆಯುವುದೇ ಎಂಬುದನ್ನು ಮೊದಲು ನೋಡತಕ್ಕದ್ದು. ವಿಳಾಸ ಈಚೆಗೆ ಬದಲಾಗಿದ್ದರೆ ಹಳೆಯ ಉತ್ತರವೇ ಕೆಲವು ಕಾಲ ಚಲಾವಣೆಯಲ್ಲಿರುತ್ತದೆ, ತಾಳ್ಮೆ ಬೇಕು. ಪರೀಕ್ಷೆಗೆಂದು ಸ್ವಂತ ಕಂಪ್ಯೂಟರಿನ ಹೋಸ್ಟ್ಸ್ ಕಡತದಲ್ಲಿ ಬರೆದ ಸಾಲೊಂದು ಮರೆತುಹೋಗಿದ್ದರೆ, ಊರಿಗೆಲ್ಲ ಸರಿಯಾಗಿ ಕಾಣುವ ತಾಣ ಬರೆದವನೊಬ್ಬನಿಗೆ ತಪ್ಪಾಗಿ ಕಾಣುತ್ತದೆ.

ಅನಂತರ ಸರ್ವರ್‌ನೇಮ್ ಎಂಬ ಸಾಲನ್ನು ಅಕ್ಷರ ಅಕ್ಷರವಾಗಿ ಪರಿಶೀಲಿಸಬೇಕು. ಮುಂದೆ ಮೂರು ‘ಡಬ್ಲ್ಯೂ’ ಇರುವ ಹೆಸರೂ ಇಲ್ಲದ ಹೆಸರೂ ಯಂತ್ರಕ್ಕೆ ಬೇರೆ ಬೇರೆ. ಒಂದನ್ನು ಅಲ್ಲಿ ಬರೆದರೆ ಇನ್ನೊಂದನ್ನು ಸರ್ವರ್‌ಅಲಿಯಾಸ್ ಸಾಲಿನಲ್ಲಿ ಸೇರಿಸಬೇಕು. ಆರಂಭದಲ್ಲಿ ಸರ್ವರ್ ತನ್ನ ಪೂರ್ಣ ಹೆಸರು ಖಚಿತವಾಗಿ ತಿಳಿಯಲಿಲ್ಲವೆಂದು ದೂರಿದರೆ ಗಾಬರಿಪಡಬೇಕಾದ್ದಿಲ್ಲ, ಅದು ಎಚ್ಚರಿಕೆಯಷ್ಟೆ. ಮುಖ್ಯ ಕಡತದಲ್ಲಿ ಒಂದು ಸರ್ವರ್‌ನೇಮ್ ಬರೆದರೆ ದೂರು ನಿಲ್ಲುತ್ತದೆ.

ಕೊನೆಗೆ, ತಿದ್ದಿದ ಕಡತವನ್ನು ಸರ್ವರಿನಿಂದ ಮತ್ತೊಮ್ಮೆ ಓದಿಸಲು ಮರೆಯಬಾರದು. ಓದಿಸದಿದ್ದರೆ ಅದು ಹಳೆಯ ಮಾತನ್ನೇ ನಡೆಸುತ್ತಿರುತ್ತದೆ.