ನಡೆದ ಕೊಲೆ ತೆರೆಗೆ ಬರಬೇಕೇ?

ಪರ

ಬರಲೇಬೇಕು. ಸೈನೈಡ್ ಮೋಹನನ ಪ್ರಕರಣವನ್ನೇ ನೋಡಿ. ದಕ್ಷಿಣ ಕನ್ನಡದ ಈ ಶಾಲಾ ಮಾಸ್ತರ, ವರದಕ್ಷಿಣೆ ಬೇಡವೆಂದು ಹೇಳಿ ಬಡವರ ಮನೆಯ ಹೆಣ್ಣುಮಕ್ಕಳನ್ನು ನಂಬಿಸುತ್ತಿದ್ದ. ಮದುವೆಯ ಆಸೆ ತೋರಿಸಿ ಮಡಿಕೇರಿ, ಹಾಸನ, ಮೈಸೂರಿನ ಲಾಡ್ಜಿಗೆ ಕರೆದೊಯ್ಯುತ್ತಿದ್ದ. ಮರುದಿನ ಬೆಳಿಗ್ಗೆ ಒಡವೆಯೆಲ್ಲ ರೂಮಿನಲ್ಲೇ ಬಿಡಿಸಿ, ಬಸ್ ನಿಲ್ದಾಣಕ್ಕೆ ಕರೆತಂದು, ಬಸಿರು ನಿಲ್ಲದಿರಲಿ ಎಂದು ಗುಳಿಗೆ ಕೊಡುತ್ತಿದ್ದ. ಅವರು ಶೌಚಾಲಯದೊಳಗೆ ಸತ್ತು ಬೀಳುತ್ತಿದ್ದರು. 2003ರಿಂದ 2009ರ ನಡುವಿನ ಸಾವುಗಳಿಗಾಗಿ ಅವನ ಮೇಲೆ 20 ಕೊಲೆ ಮೊಕದ್ದಮೆಗಳು ನಡೆದವು.

ಅಷ್ಟು ವರ್ಷ ಯಾರಿಗೂ ಗೊತ್ತಾಗಲಿಲ್ಲವೇಕೆ? ಒಂದೊಂದು ಊರಿನ ಠಾಣೆಯಲ್ಲಿ ಒಂದೊಂದು ಅಸಹಜ ಸಾವಿನ ಕಡತ, ಗುರುತು ಸಿಗದ ಹೆಣ. ಇತ್ತ ಮನೆಯಲ್ಲಿ, ಮಗಳು ಯಾರ ಜೊತೆಗೋ ಓಡಿಹೋದಳೆಂಬ ನಾಚಿಕೆಯ ಮೌನ. 2023ರ ಹಿಂದಿ ವೆಬ್ ಸರಣಿ 'ದಹಾಡ್' ಇಂಥದೇ ಸಾವುಗಳ ಕಥೆಯನ್ನು ರಾಜಸ್ಥಾನದಲ್ಲಿಟ್ಟು, ಹೆಸರುಗಳನ್ನು ಬದಲಿಸಿ ಹೇಳಿತು. ಅಲ್ಲಿ ನನಗೆ ಕೊಲೆಗಾರನಿಗಿಂತ ಹೆಚ್ಚು ಕಾಡಿದವರು, ಕಾಣೆಯಾದ ಮಗಳ ಬಗ್ಗೆ ದೂರು ಕೊಡದೆ ಕೂತ ಮನೆಯವರು. ಪತ್ರಿಕೆಯ ಒಂದು ಕಾಲಂ ಸುದ್ದಿಗೆ ಅವರ ಹೊಸ್ತಿಲು ದಾಟಿ ಒಳಗೆ ಹೋಗಲು ಆಗುವುದಿಲ್ಲ.

ವಿರೋಧ

ಸತ್ತವರ ಮನೆಯೊಳಗೆ ಇಣುಕುವ ಆ ಎಚ್ಚರ ಚಿತ್ರ ತೆಗೆಯುವ ಎಷ್ಟು ಮಂದಿಗಿದೆ? ನಿಜವಾದ ಕೊಲೆಗಡುಕರ ತಂಡವೊಂದರ ಕುರಿತ 2012ರ ಚಿತ್ರ 'ದಂಡುಪಾಳ್ಯ' ನೋಡುವಾಗ ನನ್ನ ಕಣ್ಣಿಗೆ ಬಿದ್ದದ್ದು ಕೊಲ್ಲುವವರ ಗತ್ತು. ಕುತ್ತಿಗೆ ಕೊಯ್ಯಿಸಿಕೊಂಡವರು ಯಾರು, ಅವರ ಮನೆ ಆಮೇಲೆ ಏನಾಯಿತು ಎಂಬುದು ನೆನಪಿನಲ್ಲಿ ಉಳಿಯುವುದೇ ಇಲ್ಲ. ಚಿತ್ರ ಓಡಿತು, ಮುಂದಿನ ಭಾಗಗಳೂ ಬಂದವು. ಹೊಸಕೋಟೆ ಬಳಿಯ ದಂಡುಪಾಳ್ಯವೆಂಬ ಊರಿನ ಹೆಸರು ನಾಡಿನ ಬಾಯಲ್ಲಿ ಬೈಗುಳವಾಗಿ ಕೂತಿತು. ಆ ಊರಿನ ಹುಡುಗನೊಬ್ಬ ಬೆಂಗಳೂರಿನಲ್ಲಿ ಬಾಡಿಗೆ ಮನೆ ಕೇಳಲು ಹೋದಾಗ ತನ್ನೂರ ಹೆಸರನ್ನು ಹೇಗೆ ಹೇಳಬೇಕು?

ಇನ್ನೊಂದು ಮಾತು. ಕಾಡುಗಳ್ಳ ವೀರಪ್ಪನ್ ಕುರಿತ ಚಿತ್ರ 'ಅಟ್ಟಹಾಸ' 2013ರಲ್ಲಿ ತೆರೆಕಾಣುವ ಮುನ್ನ ಅದನ್ನು ತಡೆಯಲು ಅವನ ಪತ್ನಿ ಸುಪ್ರೀಂ ಕೋರ್ಟಿನವರೆಗೂ ಹೋದರು. ಅವರಿಗೆ 25 ಲಕ್ಷ ರೂಪಾಯಿ ಕೊಡುವುದೆಂದು ತೀರ್ಮಾನವಾಯಿತು. ಅದಕ್ಕೆ ನನ್ನ ತಕರಾರಿಲ್ಲ, ಅವರ ಬದುಕೂ ಬದುಕೇ. ಆದರೆ 1991ರಲ್ಲಿ ಅದೇ ವೀರಪ್ಪನ್ ಕೈಯಲ್ಲಿ ಪ್ರಾಣ ಬಿಟ್ಟ ಅರಣ್ಯಾಧಿಕಾರಿ ಪಿ. ಶ್ರೀನಿವಾಸ್ ಅವರಂಥವರ ಮನೆಯವರನ್ನು ಕೇಳಿಯೇ ಕ್ಯಾಮೆರಾ ಎತ್ತಬೇಕು ಎಂಬ ಕಟ್ಟಳೆ ಎಲ್ಲಿದೆ? ಅದು ಬರುವ ತನಕ ನಾನು ಬೇಡವೆಂದೇ ಹೇಳುತ್ತೇನೆ.