ಯುದ್ಧಕ್ಕೆ ಮುಂಚೆ ಬರುವ ಸುದ್ದಿ

ಹಿಂದೆ ದೊರೆಯ ಮಾತನ್ನು ಡಂಗುರದವನು ಸಾರುತ್ತಿದ್ದಾಗ ಅದು ದೊರೆಯ ಮಾತೆಂದು ಎಲ್ಲರಿಗೂ ತಿಳಿದಿರುತ್ತಿತ್ತು. ಅದೇ ಮಾತು ವೃತ್ತಪತ್ರಿಕೆಯಲ್ಲಿ ಅಚ್ಚಾಗಿ ಬಂದರೆ, ಅದು ಯಾರ ಮಾತೆಂದು ನಾವು ವಿಚಾರಿಸುವುದೇ ಇಲ್ಲ. ಇದರಿಂದ ಒದಗುವ ಅನರ್ಥಕ್ಕೆ ೨೦೦೩ನೆಯ ಇಸವಿಯ ಇರಾಕ್ ಯುದ್ಧವು ನಿದರ್ಶನವಾಗಿದೆ.

ಇರಾಕಿನ ಅಧಿಪತಿ ಸದ್ದಾಂ ಹುಸೇನನಲ್ಲಿ ವಿಷಾನಿಲವೇ ಮೊದಲಾದ ಘೋರಾಯುಧಗಳಿರುವುವೆಂದೂ, ಅವನು ಅಣ್ವಸ್ತ್ರವನ್ನು ಸಂಪಾದಿಸಲು ಯತ್ನಿಸುತ್ತಿರುವನೆಂದೂ ಅಮೆರಿಕ ಮತ್ತು ಬ್ರಿಟನ್ ಸರಕಾರಗಳು ಸಾರಿದುವು. ೨೦೦೨ನೆಯ ಸೆಪ್ಟೆಂಬರ್ ೮ರಂದು ‘ನ್ಯೂಯಾರ್ಕ್ ಟೈಮ್ಸ್’ ಪತ್ರಿಕೆಯು, ಅಣ್ವಸ್ತ್ರಕ್ಕಾಗಿ ಇರಾಕು ಅಲ್ಯೂಮಿನಿಯಂ ಕೊಳವೆಗಳನ್ನು ಕೊಳ್ಳಲೆಳಸಿತೆಂಬ ವಾರ್ತೆಯನ್ನು ಮೊದಲ ಪುಟದಲ್ಲಿಯೇ ಪ್ರಕಟಿಸಿತು. ವಾರ್ತೆಯನ್ನು ಕೊಟ್ಟವರು ಸರಕಾರದ ಅಧಿಕಾರಿಗಳು. ಆ ದಿನವೇ ಉಪಾಧ್ಯಕ್ಷ ಡಿಕ್ ಚೆನಿಯವರು ಟೆಲಿವಿಷನ್ನಿನಲ್ಲಿ ಮಾತನಾಡುತ್ತ, ಅದೇ ಪತ್ರಿಕೆಯ ವಾರ್ತೆಯನ್ನು ತಮ್ಮ ಮಾತಿಗೆ ಆಧಾರವಾಗಿ ಎತ್ತಿ ಹೇಳಿದರು! ತಾನೇ ಕೂಗಿ, ಬಂದ ಪ್ರತಿಧ್ವನಿಯನ್ನೇ ಸಾಕ್ಷಿಗೆ ಕರೆದಂತಾಯಿತು.

ಅದೇ ತಿಂಗಳ ೨೪ರಂದು ಬ್ರಿಟಿಷ್ ಸರಕಾರವು ಹೊರಡಿಸಿದ ಪುಸ್ತಿಕೆಯಲ್ಲಿ, ಇರಾಕಿನ ಕೆಲವು ಆಯುಧಗಳು ೪೫ ನಿಮಿಷಗಳೊಳಗಾಗಿ ಪ್ರಯೋಗಕ್ಕೆ ಸಿದ್ಧವಾಗಬಲ್ಲುವೆಂದು ಬರೆದಿತ್ತು. ಅವು ರಣರಂಗದಲ್ಲಿ ಬಳಸುವ ಅಲ್ಪದೂರದ ಆಯುಧಗಳೆಂಬುದನ್ನು ಪುಸ್ತಿಕೆಯು ತಿಳಿಸಲಿಲ್ಲ. ಪ್ರಳಯವು ೪೫ ನಿಮಿಷಗಳಷ್ಟೇ ದೂರವೆಂಬಂತಹ ತಲೆಬರಹಗಳು ಕೆಲವು ಪತ್ರಿಕೆಗಳಲ್ಲಿ ಮೆರೆದುವು. ಅಮೆರಿಕದ ‘ನೈಟ್ ರಿಡರ್’ ಸಂಸ್ಥೆಯ ವರದಿಗಾರರು ಮಾತ್ರ ಕೆಳಹಂತದ ನೌಕರರನ್ನು ವಿಚಾರಿಸಿ ಸಂದೇಹಗಳನ್ನು ಬರೆದರು. ಅವರ ಮಾತಿಗೆ ಕಿವಿಗೊಟ್ಟವರು ವಿರಳ.

೨೦೦೩ನೆಯ ಮಾರ್ಚಿಯಲ್ಲಿ ಯುದ್ಧವು ಆರಂಭವಾಯಿತು. ಹೇಳಿದ ಆಯುಧಸಂಗ್ರಹವು ದೊರೆಯಲೇ ಇಲ್ಲ. ಕೊಳವೆಗಳು ಸಾಮಾನ್ಯ ರಾಕೆಟ್ಟುಗಳಿಗಾಗಿ ತರಿಸಿದುವೆಂದು ಅಮೆರಿಕದವರ ಶೋಧಕಮಂಡಲಿಯೇ ೨೦೦೪ರಲ್ಲಿ ನಿರ್ಣಯಿಸಿತು. ಆ ವರ್ಷದ ಮೇ ೨೬ರಂದು ‘ನ್ಯೂಯಾರ್ಕ್ ಟೈಮ್ಸ್’ ಪತ್ರಿಕೆಯು ತನ್ನ ಲೋಪವನ್ನು ಒಪ್ಪಿಕೊಂಡಿತು. ಆದರೆ ವಾರ್ತೆಗೆ ಮೊದಲ ಪುಟ; ತಪ್ಪೊಪ್ಪಿಗೆಗೆ ಒಳಪುಟ! ಯುದ್ಧವು ಆಗ ಕೊನೆಯ ಉಪಾಯವಾಗಿರಲಿಲ್ಲವೆಂದು ಬ್ರಿಟನ್ನಿನ ಚಿಲ್ಕಾಟ್ ವಿಚಾರಣಾ ಸಮಿತಿಯು ೨೦೧೬ರಲ್ಲಿ ತೀರ್ಮಾನಿಸಿತು. ಅಷ್ಟರಲ್ಲಿ ಲಕ್ಷಕ್ಕೂ ಮಿಕ್ಕಿ ಇರಾಕಿನ ಪ್ರಜೆಗಳು ಅಸುನೀಗಿದ್ದರು. ಯಾವ ತಿದ್ದುಪಡಿಯು ಅವರನ್ನು ಮನೆಗೆ ಕರೆತಂದೀತು?

ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡೆಂದು ನಮ್ಮ ಹಿರಿಯರು ಹೇಳಿದರು. ಕಾಣದುದರ ವಿಷಯದಲ್ಲಿ ಹೇಳತಕ್ಕುದೇನು? ಯುದ್ಧದ ಸುದ್ದಿಯನ್ನು ಮನೆಯಲ್ಲಿ ಓದುವಾಗ, ಇದನ್ನು ಹೇಳಿದವರಾರು, ಕಣ್ಣಾರೆ ಕಂಡವರಾರು, ಎರಡನೆಯ ಸಾಕ್ಷಿಯು ಮೊದಲನೆಯವನಿಂದಲೇ ಕೇಳಿ ಹೇಳುತ್ತಿರುವನೋ ಎಂದು ಮಕ್ಕಳೆದುರಿಗೇ ಕೇಳಿಕೊಳ್ಳೋಣ. ನಾಳೆ ಯುದ್ಧಕ್ಕೆ ಹೋಗತಕ್ಕವರು ಯಾವುದೋ ಮನೆಯ ಮಕ್ಕಳೇ ಅಲ್ಲವೆ?